ಉಂಡ ಮನೆಯ ಜಂತೆ

ಮೈಸೂರು

ಚಿ. ಪುಟ್ಟಿಗೆ ದೊಡ್ಡಮ್ಮನ ಆಶೀರ್ವಾದಗಳು.

ನಿನ್ನ ಕಥೆ ತಲುಪಿತು. ಎರಡು ಸಲ ಓದಿದೆ, ಎರಡನೇ ಸಲ ಪೆನ್ಸಿಲ್ ಹಿಡಿದುಕೊಂಡು. ಎರಡು ಜೋಡಿ, ಒಂದು ಫ್ಲ್ಯಾಟು, ಒಂದು ರಾತ್ರಿಯ ಊಟ. ವಸ್ತು ಚೆನ್ನಾಗಿದೆ, ಕೈಬಿಡಬೇಡ. ಆದರೆ ನೀನು ಬರೆದಿರುವುದು 9 ಪುಟ, ಕಥೆ ಮುಗಿದಿರುವುದು 3ನೇ ಪುಟದಲ್ಲಿ. ಸಾರು ಬಡಿಸುತ್ತಿದ್ದ ಹೆಂಡತಿ ಸೌಟನ್ನು ಮೇಜಿನ ಮೇಲೆ ಕುಕ್ಕಿ, ಆರು ತಿಂಗಳಿಂದ ಗಂಡ ತನ್ನ ಜೊತೆ ನೆಟ್ಟಗೆ ಮಾತಾಡಿಲ್ಲ ಅಂತ ಬಂದವರ ಮುಂದೆ ಹೇಳಿಬಿಡುತ್ತಾಳೆ. ಆ ಮಾತು ಹೊರಬಿದ್ದ ಮೇಲೆ ಬಂದವರಿಗೆ ಎದ್ದು ಹೋಗಲು ಕಾರಣ ಸಿಕ್ಕಿತು. ಕಾರಣ ಸಿಕ್ಕಿಯೂ ಅವರು ಇನ್ನೂ 6 ಪುಟ ಕೂತಿರುವುದನ್ನು ಓದುವವರು ನಂಬುವುದಿಲ್ಲ.

ಊಟಕ್ಕೆ ಕರೆದ ಕಥೆ ನಿಂತಿರುವುದೇ ಈ ಕಟ್ಟಿನ ಮೇಲೆ: ಕರೆದವರು ಹೋಗಿ ಅನ್ನುವಂತಿಲ್ಲ, ಬಂದವರು ನಡುವೆ ಏಳುವಂತಿಲ್ಲ. ಮಜ್ಜಿಗೆ ಅನ್ನ ಆಗಬೇಕು, ಕೈ ತೊಳೆಯಬೇಕು, ಬಂದವಳಿಗೆ ಕುಂಕುಮ ಕೊಡಬೇಕು. ಅಲ್ಲಿಯವರೆಗೆ ನಾಲ್ಕು ಜನ ಬಾಯಿ ಬಿಗಿಹಿಡಿದಿರಬೇಕು. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅಂತ ಗಾದೆ ಇದೆಯಲ್ಲ, ಆ ಗಾದೆ ಸುಳ್ಳಾಗಿ ಹೋದ ಮನೆಯ ಕಥೆ ಇದು. ಹಾಗಾಗಿ ನನ್ನ ಮುಖ್ಯವಾದ ಮಾತು ಒಂದೇ. ಜಗಳ ಬರೆಯಬೇಡ, ಉಪಚಾರ ಬರೆ. ಜಗಳದ ಅಷ್ಟೂ ಮಾತು ಉಪಚಾರದ ಬಾಯಲ್ಲಿ ಬರಲಿ.

ಇದನ್ನು ರಷ್ಯಾದ ಕಥೆಗಾರ ಚೆಕಾಫ್ ಹೇಗೆ ಮಾಡಿದ್ದಾನೆ ನೋಡು. 1888ರಲ್ಲಿ ಬಂದ ಕಥೆ, ಇಂಗ್ಲಿಷಿನಲ್ಲಿ ‘ದಿ ಪಾರ್ಟಿ’ ಅನ್ನುವ ಹೆಸರಿನಲ್ಲಿ ಸಿಗುತ್ತದೆ. ಗಂಡನ ಹೆಸರಿನ ಸಂತನ ಹಬ್ಬ, ಮನೆ ತುಂಬ ಜನ. ಹೆಂಡತಿ ಓಲ್ಗಾ ಬಸುರಿ. ಅದು ಬಂದವರಿಗೆ ಕಾಣಬಾರದು ಅಂತ ಬಿಗಿಯಾದ ಒಳಉಡುಪು ಕಟ್ಟಿಕೊಂಡಿದ್ದಾಳೆ. ಕಥೆ ಶುರುವಾಗುವಾಗಲೇ ಎಂಟು ಬಗೆಯ ಊಟ ಮುಗಿದಿದೆ, ಅವಳು ಸುಸ್ತಾಗಿ ತೋಟಕ್ಕೆ ಬಂದಿದ್ದಾಳೆ. ಅಲ್ಲಿ ಗಂಡ ಹರೆಯದ ಒಬ್ಬ ಹುಡುಗಿಯ ಜೊತೆ ಮಾತಾಡುವುದು ಕಿವಿಗೆ ಬೀಳುತ್ತದೆ. ಆದರೂ ಸಂಜೆಯೆಲ್ಲ ನಗುತ್ತಾ ಟೀ ಕೊಡಬೇಕು, ದೋಣಿ ವಿಹಾರಕ್ಕೆ ಕಳಿಸಬೇಕು, ಹೊರಟವರನ್ನು ಇನ್ನೂ ಸ್ವಲ್ಪ ಹೊತ್ತು ಇರಿ ಅನ್ನಬೇಕು. ಒಳಗೆ ಎಲ್ಲರೂ ತೊಲಗಲಿ ಅನ್ನಿಸುತ್ತಿದೆ. ಗಂಡ ಹೆಂಡತಿ ಬಾಯಿ ಬಿಡುವುದು ಮಧ್ಯರಾತ್ರಿ ಮನೆ ಖಾಲಿಯಾದ ಮೇಲೆ. ಆ ಹೊತ್ತಿಗೆ ಅದು ಮಾತಾಗಿ ಉಳಿದಿಲ್ಲ, ಅವಳ ಮೈಗೆ ಇಳಿದಿದೆ, ಹೊಟ್ಟೆಯ ಮಗು ಉಳಿಯುವುದಿಲ್ಲ. ಅಷ್ಟು ದೊಡ್ಡ ದುಃಖವನ್ನು ಆ ಕಥೆ ಹೊರುವುದು ಮೊದಲ ಪುಟದಲ್ಲೇ ಆ ಬಿಗಿ ಉಡುಪು ಇರುವುದರಿಂದ. ನಿನ್ನ ಕಥೆಯ ಕೊನೆಯಲ್ಲಿ ಹೆಂಡತಿ ಬಾಲ್ಕನಿಯ ಕಡೆ ನಡೆಯುತ್ತಾಳಲ್ಲ, ಅದಕ್ಕೆ ಮೊದಲ ಪುಟದಲ್ಲಿ ಏನೂ ಇಟ್ಟಿಲ್ಲ. ದಯವಿಟ್ಟು ಅದನ್ನು ತೆಗೆ.

ಈಗ ಮಾತಿನ ವಿಷಯ. ನಿನ್ನ ಕರಡಿನಲ್ಲಿ ಗಂಡ ಹೆಂಡತಿ ಒಬ್ಬರಿಗೊಬ್ಬರು ನೇರವಾಗಿ 17 ಸಲ ಮಾತಾಡುತ್ತಾರೆ. 4ಕ್ಕೆ ಇಳಿಸು. ಉಳಿದ 13 ಮಾತೂ ಬಂದವರ ಮೂಲಕ ದಾಟಲಿ. ಹೀಗೆ:

“ಪಲ್ಯ ತುಂಬಾ ಚೆನ್ನಾಗಿದೆ. ಏನು ಹಾಕಿದ್ದೀರಿ ಇದಕ್ಕೆ?”

“ಅವರನ್ನೇ ಕೇಳಿ. ಉಪ್ಪು ಕಡಿಮೆ ಅಂತ ಎರಡನೇ ಸಲ ಹಾಕಿದ್ದು ಅವರೇ.”

“ನಾನೆಲ್ಲಿ ಹಾಕಿದೆ? ರುಚಿ ನೋಡಿದೆ, ಅಷ್ಟೇ.”

“ಹಾಗಾದ್ರೆ ಉಪ್ಪು ತಾನೇ ಬಂತೇನೋ.”

“ಅಯ್ಯೋ, ಉಪ್ಪು ಸರಿಯಾಗೇ ಇದೆ ಕಣ್ರೀ” ಅಂತ ಬಂದವಳು ಬೇಡದಿದ್ದರೂ ಇನ್ನೊಂದು ಸೌಟು ಪಲ್ಯ ಹಾಕಿಸಿಕೊಳ್ಳುತ್ತಾಳೆ.

ಇಲ್ಲಿ ಸಂಸಾರದ ಬಗ್ಗೆ ಒಂದು ಪದವಿಲ್ಲ. ಆದರೆ ಆ ಮನೆಯಲ್ಲಿ ಬಹಳ ದಿನದಿಂದ ಯಾರು ಯಾರನ್ನು ನಂಬುತ್ತಿಲ್ಲ ಅನ್ನುವುದು ತಿಳಿಯಿತು. ಬಂದವಳು ಅದನ್ನು ಕಂಡಳು, ಕಂಡಿಲ್ಲ ಅಂತ ತೋರಿಸಲು ಪಲ್ಯ ತಿಂದಳು. ಆ ಬೇಡದ ಸೌಟು ಪಲ್ಯವೇ ನಿನ್ನ ದೃಶ್ಯ.

‘ಅವರನ್ನೇ ಕೇಳಿ’ ಅನ್ನುವಲ್ಲಿ ಸ್ವಲ್ಪ ನಿಲ್ಲು. ಪಕ್ಕದಲ್ಲೇ ಕೂತ ಗಂಡನನ್ನು ನಮ್ಮ ಕಡೆ ಹೆಂಡತಿ ‘ಇವರು’ ಅನ್ನುತ್ತಾಳೆ. ಬಾಗಿಲಲ್ಲಿ ಸ್ವಾಗತಿಸುವಾಗ ‘ಇವರು ಈಗ ತಾನೇ ಬಂದ್ರು’ ಅಂದವಳು ಪಲ್ಯದ ಹೊತ್ತಿಗೆ ‘ಅವರು’ ಅಂದರೆ, ಒಂದಡಿ ದೂರದಲ್ಲಿ ಕೂತವನು ಊರಾಚೆ ಹೋದ ಹಾಗೆ. ನಿನ್ನ ಪಾತ್ರಗಳು ಈಗಿನ ಕಾಲದವರು, ಹೆಸರಿಟ್ಟು ‘ನೀನು’ ಅಂತ ಕರೆದುಕೊಳ್ಳುವವರು ಆಗಿದ್ದರೆ ಇನ್ನೂ ಒಳ್ಳೆಯದು. ದಿನಾ ‘ನೀನು’ ಅನ್ನುವವಳು ಒಮ್ಮೆ, ತಣ್ಣಗೆ, “ನೀವು ಹೇಳಿ, ನೀವೇ ಹೇಳಿ” ಅಂದರೆ ಊಟಕ್ಕೆ ಕೂತವರ ಕೈ ನಿಲ್ಲುತ್ತದೆ. ಇಂಗ್ಲಿಷಿನಲ್ಲಿ ಬರೆಯುವವರಿಗೆ ಈ ಸಲಕರಣೆಯೇ ಇಲ್ಲ. ಒಂದು ಕಥೆಯಲ್ಲಿ ಒಂದೇ ಸಲ ಬಳಸು. ಬಳಸಿದ ಮೇಲೆ ‘ಅವಳ ದನಿಯಲ್ಲಿ ಏನೋ ಬದಲಾಗಿತ್ತು’ ಅಂತ ವಿವರಿಸಬೇಡ, ಓದುವವರಿಗೆ ಕಿವಿ ಇದೆ.

ಅಡುಗೆಯನ್ನು ನೀನು ಛತ್ರದ ಪಟ್ಟಿಯ ಹಾಗೆ ಬರೆದಿದ್ದೀಯ: ಚಪಾತಿ, ಪನೀರ್, ಪುಲಾವ್, ಸಾರು, ಜಾಮೂನು. ಯಾವ ಅಡುಗೆ ಅನ್ನುವುದೇ ಯಾರು ಎಲ್ಲಿರುತ್ತಾರೆ ಅನ್ನುವುದನ್ನು ತೀರ್ಮಾನಿಸುತ್ತದೆ. ಅಕ್ಕಿರೊಟ್ಟಿ ಮಾಡಿಸಿದೆ ಅಂದುಕೋ. ಅದನ್ನು ಬಿಸಿಬಿಸಿಯಾಗಿಯೇ ತಿನ್ನಬೇಕು, ಒಂದು ರೊಟ್ಟಿಗೆ ತಟ್ಟಿ ಬೇಯಿಸಲು 4–5 ನಿಮಿಷ. ನಾಲ್ಕು ಜನಕ್ಕೆ ತಲಾ ಎರಡು ಅಂದರೂ ಒಂದೇ ಕಾವಲಿಯಲ್ಲಿ ಅರ್ಧ ಗಂಟೆ ದಾಟುತ್ತದೆ. ಅಷ್ಟು ಹೊತ್ತೂ ಮಾಡುವವಳು ಒಲೆಯ ಮುಂದೆ, ಉಳಿದ ಮೂವರು ಮೇಜಿನ ಸುತ್ತ. ಅವಳು ಮಾತುಗಳನ್ನು ಅರ್ಧರ್ಧ ಕೇಳಿಸಿಕೊಳ್ಳುತ್ತಾಳೆ. ಇನ್ನೊಂದು ಕಾವಲಿ ಇಟ್ಟರೆ ಹೊತ್ತು ಅರ್ಧವಾಗುತ್ತದೆ. ಎದ್ದು ಬಂದು ಆ ಎರಡನೇ ಒಲೆ ಹಚ್ಚುವವರು ಯಾರು? ಗಂಡನಲ್ಲ, ಬಂದವಳು. ಅಷ್ಟರಲ್ಲೇ ಹೆಂಗಸರಿಬ್ಬರಿಗೆ ಅಡುಗೆಮನೆಯಲ್ಲಿ ಎರಡು ನಿಮಿಷ ಸಿಕ್ಕಿತು. ಬಿಸಿಬೇಳೆಬಾತ್ ಆದರೆ ಮೊದಲೇ ಮಾಡಿಟ್ಟಿರುತ್ತದೆ, ನಾಲ್ವರೂ ಒಟ್ಟಿಗೆ ಕೂರಬೇಕಾಗುತ್ತದೆ, ಎದ್ದು ಹೋಗಲು ನೆಪವಿಲ್ಲ. ಬರುವವರು 40 ನಿಮಿಷ ತಡಮಾಡಿದರೆ ಅದು ಗಟ್ಟಿಯಾಗಿ ಕೂತಿರುತ್ತದೆ, ಬಿಸಿನೀರು ಬೆರೆಸಿ ಸಡಿಲ ಮಾಡಿ ಮತ್ತೆ ತುಪ್ಪ ಬಿಡಬೇಕು. ಶಾವಿಗೆ ಪಾಯಸವೂ ಹಾಗೇ, ಆರುತ್ತಾ ಶಾವಿಗೆ ಹಾಲನ್ನೆಲ್ಲ ಹೀರಿಕೊಂಡು ಮುದ್ದೆಯಾಗುತ್ತದೆ. ಹಾಲು ಸೇರಿಸಬೇಕು. ಫ್ರಿಜ್ಜಿನಲ್ಲಿ ಹಾಲಿಲ್ಲ, ಸಂಜೆ ಅರ್ಧ ಲೀಟರ್ ತರುತ್ತೇನೆ ಅಂದವನು ಮರೆತಿದ್ದಾನೆ. ಇಷ್ಟು ಸಣ್ಣದು ಸಾಕು. ಬೇರೆ ಹೆಣ್ಣಿನ ಮೆಸೇಜು ಮೊಬೈಲಿನಲ್ಲಿ ಹೊಳೆಯುವುದೂ ಬೇಡ, ಮೂರನೇ ಪೆಗ್ಗಿಗೆ ಗಂಡ ಸತ್ಯ ಹೇಳುವುದೂ ಬೇಡ. ಅವೆರಡೂ ಅಡ್ಡದಾರಿ. ಅಲ್ಲಿ ಬಾಯಿ ಬಿಡಿಸುವುದು ಯಂತ್ರ ಇಲ್ಲವೇ ಹೆಂಡ, ಮನುಷ್ಯರಲ್ಲ.

ಸಣ್ಣ ವಿವರಕ್ಕೆ ನ್ಯೂಜಿಲೆಂಡಿನ ಕಥೆಗಾರ್ತಿ ಮ್ಯಾನ್ಸ್‌ಫೀಲ್ಡಳ ‘ಬ್ಲಿಸ್’ ಓದು, 1918ರದ್ದು. ಊಟಕ್ಕೆ ಜನ ಬರುವ ಸಂಜೆ ಬರ್ತಾ ಹಣ್ಣು ಜೋಡಿಸುತ್ತಿದ್ದಾಳೆ. ನೇರಳೆ ಬಣ್ಣದ ದ್ರಾಕ್ಷಿಯನ್ನು ಊಟದ ಕೋಣೆಯ ಹೊಸ ಜಮಖಾನಕ್ಕೆ ಹೊಂದಲಿ ಅಂತಲೇ ತಂದಿದ್ದಾಳೆ. ಆ ಒಂದು ವಾಕ್ಯದಲ್ಲಿ ಅವಳ ಸುಖ ಎಂಥದು, ಎಷ್ಟು ತೆಳುವಾದದ್ದು ಅಂತ ಗೊತ್ತಾಗುತ್ತದೆ. ಕೊನೆಯಲ್ಲಿ ಒಬ್ಬ ಅತಿಥಿ ಟೊಮೆಟೊ ಸೂಪಿನ ಮೇಲಿನ ಪದ್ಯವನ್ನು ಹೊಗಳುತ್ತಿರುವಾಗಲೇ ಅವಳು ಗಂಡನನ್ನೂ ತನ್ನ ಗೆಳತಿಯನ್ನೂ ಹಜಾರದಲ್ಲಿ ಕಾಣುತ್ತಾಳೆ. ಸೂಪಿನ ಮಾತು ನಿಲ್ಲುವುದೇ ಇಲ್ಲ, ಅದೇ ಆ ದೃಶ್ಯದ ಶಕ್ತಿ.

ಜನ ಎಷ್ಟಿರಬೇಕು? ನಾಲ್ಕೇ ಇರಲಿ. ನಾಲ್ವರ ನಡುವೆ 6 ಜೋಡಿ ಸಂಬಂಧ ಆಗುತ್ತವೆ, ಆರು ಜನ ಆದರೆ 15. ನಿನ್ನ 2,500 ಪದದ ಕಥೆಗೆ 6 ಹೊರುವಷ್ಟು ಬೆನ್ನಿದೆ. ಐರ್ಲೆಂಡಿನ ಲೇಖಕ ಜಾಯ್ಸ್ ‘ದಿ ಡೆಡ್’ನಲ್ಲಿ ಮನೆ ತುಂಬ ಜನರನ್ನು ಕೂರಿಸಿದ್ದಾನೆ, ಆದರೆ ಅದು 15,000 ಪದಕ್ಕೂ ಮೀರಿದ ಕಥೆ. ಅದರಿಂದ ನೀನು ಕಲಿಯಬೇಕಾದ್ದು ಬೇರೆ: ಕಥಾನಾಯಕ ಗ್ಯಾಬ್ರಿಯೆಲ್ ಹುರಿದ ಹೆಬ್ಬಾತು ಕತ್ತರಿಸಿ ಬಡಿಸಿ, ಭಾಷಣ ಮಾಡಿ, ಎಲ್ಲರನ್ನೂ ಮೆಚ್ಚಿಸಿ ಹೊರಟ ಮೇಲೆ, ಹೋಟೆಲ್ ಕೋಣೆಯಲ್ಲಿ ಹೆಂಡತಿಯ ಬಾಯಿಂದ ಅವಳನ್ನು ಪ್ರೀತಿಸಿ ಸತ್ತ ಹುಡುಗನ ಹೆಸರು ಬರುತ್ತದೆ. ಊಟ ಮುಗಿದ ಮೇಲಿನ ಒಂದು ಗಂಟೆಗೆ ಜಾಗ ಉಳಿಸಿಕೊಳ್ಳಬೇಕು.

ಇನ್ನು ಯಾರ ಕಣ್ಣು ಅನ್ನುವುದು. ನೀನು ನಾಲ್ವರ ತಲೆಯೊಳಗೂ ಹೋಗಿ ಬರುತ್ತೀಯ, ಅದರಿಂದ ಯಾರೂ ಏನನ್ನೂ ಬಚ್ಚಿಡಲು ಆಗುತ್ತಿಲ್ಲ. ಒಬ್ಬಳನ್ನು ಆರಿಸಿಕೋ. ನನ್ನನ್ನು ಕೇಳಿದರೆ ಊಟಕ್ಕೆ ಬಂದವಳನ್ನು. ಯಾಕೆ ಅನ್ನುವುದಕ್ಕೆ ಅಮೆರಿಕದ ಕಥೆಗಾರ ಕಾರ್ವರನ ‘ಫೆದರ್ಸ್’ ನೋಡು, 1983ರ ಸಂಕಲನದ ಮೊದಲ ಕಥೆ. ಜ್ಯಾಕ್, ಫ್ರ್ಯಾನ್ ಅನ್ನುವ ಗಂಡ ಹೆಂಡತಿ ಹಳ್ಳಿಗಾಡಿನ ಒಂದು ಮನೆಗೆ ಊಟಕ್ಕೆ ಹೋಗುತ್ತಾರೆ. ಫ್ರ್ಯಾನ್ ಮನೆಯಲ್ಲೇ ಮಾಡಿದ ಬ್ರೆಡ್ಡು ಒಯ್ದಿದ್ದಾಳೆ. ಆ ಮನೆಯಲ್ಲಿ ಸಾಕಿದ ನವಿಲಿದೆ, ಟಿವಿಯ ಮೇಲೆ ಮನೆಯೊಡತಿಯ ಹಳೆಯ ಸೊಟ್ಟ ಹಲ್ಲುಗಳ ಪ್ಲಾಸ್ಟರ್ ಅಚ್ಚಿದೆ, ಚಂದವೇ ಇಲ್ಲದ ಒಂದು ಮಗುವಿದೆ. ಆದರೆ ಆ ಹಲ್ಲನ್ನು ಸರಿಮಾಡಿಸಿದವನು ಈಗಿನ ಗಂಡ. ಅವಳು ಅಚ್ಚನ್ನು ಇಟ್ಟುಕೊಂಡಿರುವುದು ಆ ಋಣ ಮರೆಯದಿರಲಿ ಅಂತ. ಒಡಕಿರುವುದು ಆ ಮನೆಯಲ್ಲಿ ಅಲ್ಲ. ನೋಡಿಕೊಂಡು ಬಂದ ಇಬ್ಬರ ಬಾಳು ಮುಂದೆ ಬದಲಾಗುತ್ತದೆ, ವರ್ಷಗಳಾದ ಮೇಲೂ ಫ್ರ್ಯಾನ್ ಆ ಮನೆಯವರನ್ನೂ ಆ ಮಗುವನ್ನೂ ಶಪಿಸುತ್ತಾಳೆ. ಉಂಡ ಮನೆಯ ಜಂತೆ ಎಣಿಸಬಾರದು ಅಂತ ನಮ್ಮವರು ಹೇಳುವುದು ಕೃತಘ್ನರಾಗಬೇಡಿ ಅಂತ. ಕಥೆಯಲ್ಲಿ ಎಣಿಸುವವಳನ್ನೇ ಕೂರಿಸು. ಎಣಿಸುತ್ತಾ ಎಣಿಸುತ್ತಾ ಅವಳ ಲೆಕ್ಕ ತನ್ನ ಮನೆಯ ಸೂರಿಗೆ ಹೋಗಿ ನಿಲ್ಲಲಿ.

ನೀನೂ ಹುಷಾರಾಗಿರು, ಪುಟ್ಟಿ. ನಿನ್ನ ಕರಡಿನಲ್ಲಿರುವ ಫ್ಲ್ಯಾಟು, ಪರದೆಯ ಬಣ್ಣ, ಆತ ಕೆಮ್ಮುವ ರೀತಿ, ಇವೆಲ್ಲ ನಿಜವಾದ ಯಾರದೋ ಮನೆಯಿಂದ ಎದ್ದು ಬಂದ ಹಾಗಿವೆ. ಅವರು ನಿನ್ನನ್ನು ಕರೆದು ಊಟ ಹಾಕಿದವರಾಗಿದ್ದರೆ ಕೆಲಸ, ಮಕ್ಕಳ ಸಂಖ್ಯೆ, ಜಗಳದ ಮೂಲ, ಈ ಮೂರನ್ನೂ ಬದಲಿಸು. ಪರದೆಯನ್ನೂ ಬದಲಿಸು. ಹೆಸರು ಬದಲಿಸಿದರೆ ಸಾಲದು, ಜನ ತಮ್ಮನ್ನು ಗುರುತಿಸಿಕೊಳ್ಳುವುದು ಪರದೆಯಿಂದಲೇ.

ಕರಡು ಮುಗಿದ ಮೇಲೆ ಒಂದು ಪರೀಕ್ಷೆ ಮಾಡು. ಬಿಗುವು, ಮೌನ, ದಾಂಪತ್ಯ, ಒಂಟಿತನ, ಈ ಪದಗಳಿರುವ ವಾಕ್ಯಗಳನ್ನೆಲ್ಲ ಗೀಟು ಹಾಕಿ ಹೊಡೆದುಹಾಕು. ಉಳಿದ ಬಡಿಸುವ, ತಿನ್ನುವ, ಸಾಕು ಅನ್ನುವ ವಾಕ್ಯಗಳನ್ನಷ್ಟೇ ಗಟ್ಟಿಯಾಗಿ ಓದು. ಒಡಕು ಆಗಲೂ ಕಾಣಿಸಿದರೆ ಹೊಡೆದ ವಾಕ್ಯಗಳು ವಾಪಸು ಬೇಡ. ಕಾಣಿಸದಿದ್ದರೂ ಅವು ಬೇಡ, ಬಡಿಸುವುದನ್ನು ಇನ್ನೊಮ್ಮೆ ಬರೆ.

ಹಲ್ಲಿನ ಅಚ್ಚಿನಂಥ ಒಂದು ವಸ್ತು ನಿನಗೂ ಬೇಕು, ಅದು ನಿನ್ನ ಕರಡಿನಲ್ಲೇ ಇದೆ, ನೀನು ಗಮನಿಸಿಲ್ಲ. 7ನೇ ಪುಟದಲ್ಲಿ ಮನೆಯೊಡತಿ ಉಳಿದ ಸಿಹಿಯನ್ನು ಸ್ಟೀಲ್ ಡಬ್ಬಿಗೆ ಹಾಕಿ ಕೊಡುತ್ತಾಳಲ್ಲ, ಆ ಡಬ್ಬಿ. ಮದುವೆಗೆ ಬಂದ ಉಡುಗೊರೆ, ಮುಚ್ಚಳದ ಮೇಲೆ ಇಬ್ಬರ ಹೆಸರು, ತಾರೀಕು ಕೊರೆದಿರಲಿ. ಮೊದಲ ಪುಟದಲ್ಲಿ ಅದು ಸಕ್ಕರೆ ಡಬ್ಬಿಯಾಗಿ ಕಾಣಿಸಿಕೊಳ್ಳಲಿ. ರಾತ್ರಿ ಹತ್ತೂಕಾಲಿಗೆ ಮನೆಯೊಡತಿ ಸಕ್ಕರೆಯನ್ನು ಬೇರೆಯದಕ್ಕೆ ಸುರಿದು, ಅದರಲ್ಲೇ ಪಾಯಸ ತುಂಬಿ ಕೊಡಲಿ. ಕಾರಿನಲ್ಲಿ ಬಂದವಳ ಮಡಿಲಲ್ಲಿ ಡಬ್ಬಿ ಇನ್ನೂ ಬೆಚ್ಚಗಿದೆ, ಗಂಡ ರಸ್ತೆ ನೋಡುತ್ತಾ “ಪಾಪ, ಅವರಿಬ್ಬರೂ...” ಅನ್ನುತ್ತಾನೆ, ಇವಳ ಬೆರಳು ಕೊರೆದ ಅಕ್ಷರದ ಮೇಲಿದೆ. ಮಾರನೇ ದಿನ ಡಬ್ಬಿ ತೊಳೆದು ಬೋರಲು ಹಾಕಿದ್ದಾಳೆ. ಅದನ್ನು ಬರಿದಾಗಿ ಹಿಂದಿರುಗಿಸುವಂತಿಲ್ಲ, ಏನಾದರೂ ಹಾಕಿಯೇ ಕೊಡಬೇಕು. ಏನು ಹಾಕುತ್ತಾಳೆ ಅನ್ನುವುದು ನಿನಗೆ ಗೊತ್ತಿರಲಿ, ಕಥೆಯಲ್ಲಿ ಬರೆಯಬೇಡ. ನನಗೆ ಮಾತ್ರ ಪತ್ರದಲ್ಲಿ ತಿಳಿಸು.

ನಿನ್ನ
ದೊಡ್ಡಮ್ಮ