ಗೋಲ್‌ಕೀಪರ್ ಕೈಗೆ ಮೊಟ್ಟೆಯಾಕಾರದ ಚೆಂಡು

ಸಂಪಾದಕರಿಗೆ,

ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಸಿಕ್ಸರ್ ಬಾರಿಸಿ ಕಾರಿನ ಗಾಜು ಪುಡಿ ಮಾಡಿದ ಎಲಿಸ್ ಪೆರಿ ನಮಗೆಲ್ಲ ಗೊತ್ತು. ಅವರು ಫುಟ್‌ಬಾಲ್ ವಿಶ್ವಕಪ್‌ನಲ್ಲೂ ಗೋಲು ಹೊಡೆದವರು ಎಂಬುದೂ ಕೆಲವರಿಗೆ ಗೊತ್ತಿರಬಹುದು. ಅದೇ ಆಸ್ಟ್ರೇಲಿಯಾದ ಬ್ರಿಯಾನಾ ಡೇವಿ ಬಗ್ಗೆ ಮಾತ್ರ ನಮ್ಮ ಕ್ರೀಡಾಪುಟಗಳಲ್ಲಿ ಒಂದು ಸಾಲು ಓದಿದ ನೆನಪೂ ನನಗಿಲ್ಲ.

ಡೇವಿ ಮೂಲತಃ ಗೋಲ್‌ಕೀಪರ್. ರಾಷ್ಟ್ರೀಯ ತಂಡ ‘ಮಟಿಲ್ಡಾಸ್’ಗೂ ಮೆಲ್ಬರ್ನ್ ವಿಕ್ಟರಿ ಕ್ಲಬ್ಬಿಗೂ ಗೋಲು ಕಾದವರು. 2017ರಲ್ಲಿ ಮಹಿಳೆಯರ ಆಸ್ಟ್ರೇಲಿಯನ್ ಫುಟ್‌ಬಾಲ್ ಲೀಗ್ ಶುರುವಾದಾಗ ಕಾರ್ಲ್ಟನ್ ತಂಡ ಸೇರಿದರು. ಹೆಸರು ಫುಟ್‌ಬಾಲ್ ಆದರೂ ಆಟವೇ ಬೇರೆ: ಮೈದಾನವೂ ಮೊಟ್ಟೆಯಾಕಾರ, ಚೆಂಡೂ ಮೊಟ್ಟೆಯಾಕಾರ, ಗೋಲ್‌ಕೀಪರ್ ಎಂಬ ಜಾಗವೇ ಇಲ್ಲ! ದೂರದಿಂದ ಒದ್ದ ಚೆಂಡನ್ನು ಜಿಗಿದು, ನೆಲ ಮುಟ್ಟುವ ಮೊದಲೇ ಹಿಡಿದವರಿಗೆ ಅಡ್ಡಿಯಿಲ್ಲದೆ ಒದೆಯುವ ಅವಕಾಶ. ಕಾರ್ನರ್ ಕಿಕ್ ಬಂದಾಗ ಗುಂಪಿನ ತಲೆಮೇಲಿಂದ ಚೆಂಡು ಕಿತ್ತುಕೊಂಡು ಪಳಗಿದ ಕೈಗೆ ಇದೇನು ಹೊಸತೇ? ಓಟ ಮಾತ್ರ ಹೊಸತು. ಗೋಲುಕಂಬದ ಬಳಿ ನಿಲ್ಲುತ್ತಿದ್ದವರು ಮಿಡ್‌ಫೀಲ್ಡ್‌ನಲ್ಲಿ ಪಂದ್ಯವಿಡೀ ಓಡಬೇಕಾಯಿತು.

ಓಡಿದರು. 2021ರಲ್ಲಿ ಕಾಲಿಂಗ್‌ವುಡ್ ಪರ ಆಡುತ್ತ, ಕಿಯಾರಾ ಬೋವರ್ಸ್ ಜತೆ ಲೀಗ್‌ನ ಶ್ರೇಷ್ಠ ಆಟಗಾರ್ತಿ ಪ್ರಶಸ್ತಿ ಹಂಚಿಕೊಂಡರು. ಮರುವರ್ಷ ಮೊದಲ ಪಂದ್ಯದಲ್ಲೇ ಮೊಣಕಾಲಿನ ಅಸ್ಥಿರಜ್ಜು ಹರಿಯಿತು. ಆದರೂ ಮತ್ತೆ ಮೈದಾನಕ್ಕಿಳಿದರು.

ಕ್ರಿಕೆಟ್ ಸ್ಕೋರಿನ ಪಕ್ಕದಲ್ಲಿ ಇಂಥವರಿಗೂ ನಾಲ್ಕು ಸಾಲು ಜಾಗ ಕೊಡಿ.

– ಓದುಗ, ಮೈಸೂರು