ಕಾಲವನ್ನು ಆಳುವ ಲಿಪಿ: ಗೆಳೆಯನಿಗೊಂದು ಪತ್ರ

ಗೆಳೆಯಾ,

ನಿನ್ನ ಕಾದಂಬರಿಯ ಲಿಪಿ ಬರೆದ ಹಾಳೆಗಳು ಸಿಕ್ಕಿದವು. ಮಂತ್ರವಾದಿಗಳು ಗುರುತು ಬರೆದೇ ಕಾಲವನ್ನು ಆಳುತ್ತಾರೆ ಅನ್ನುವ ಯೋಚನೆ ತುಂಬಾ ಹಿಡಿಸಿತು. ಗುರುತುಗಳೂ ಚೆಂದ ಇವೆ. ಆದರೆ ಜಗಳ ಆಡದೆ ಬಿಡುವವನಲ್ಲ ನಾನು, ನಿನಗೆ ಗೊತ್ತಲ್ಲ.

ನಿಲ್ಲಿಸಲು ಒಂದು ಗುರುತು, ಹಿಂದಕ್ಕೆ ಓಡಿಸಲು ಒಂದು, ಮುಂದಕ್ಕೆ ಓಡಿಸಲು ಇನ್ನೊಂದು. ಇದು ಭಾಷೆ ಅಲ್ಲ ಮಾರಾಯ, ಹಳೇ ಟೇಪ್ ರೆಕಾರ್ಡರಿನ ಗುಂಡಿಗಳು. ಭಾಷೆ ಅಂದಮೇಲೆ ಯಾರಿಗೆ, ಎಲ್ಲಿ, ಎಷ್ಟು ಹೊತ್ತು ಅನ್ನುವುದೂ ಬೇಕು. ನಿನ್ನ ನಾಯಕಿ 'ನಿಲ್ಲು' ಅಂತ ಬರೆದು ಇಡೀ ಸಂತೆಯನ್ನೇ ನಿಲ್ಲಿಸುತ್ತಾಳೆ. ಸರಿ, ಗಾಳಿಯೂ ನಿಂತಿತಾ? ಹಾಗಾದರೆ ಅವಳು ಉಸಿರೆಳೆಯಲಾರಳು, ಕೈ ಆಡಿಸಲಾರಳು. ಬೆಳಕೂ ನಿಂತರೆ ಕಣ್ಣಿಗೆ ಏನೂ ಕಾಣದು. ಯಾವುದು ನಿಲ್ಲಬೇಕು, ಯಾವುದು ನಿಲ್ಲಬಾರದು ಅಂತ ಹೇಳುವ ಗುರುತು ಮೊದಲು ಮಾಡು.

ಹನ್ನೆರಡನೇ ಶತಮಾನದಲ್ಲಿ ಜರ್ಮನಿಯ ಸನ್ಯಾಸಿನಿ ಹಿಲ್ಡೆಗಾರ್ಡ್ ಒಂದು ಭಾಷೆ ಕಟ್ಟಿದಳು. 23 ಅಕ್ಷರ, ಸುಮಾರು 1000 ಪದ. ದೇವರಿಂದ ಶುರುವಾಗಿ ಹುಳುಹುಪ್ಪಟೆಯವರೆಗೆ ಎಲ್ಲಕ್ಕೂ ಹೊಸ ಹೆಸರು. ಹೆಚ್ಚುಕಡಿಮೆ ಎಲ್ಲವೂ ನಾಮಪದಗಳೇ. ನಿನ್ನದು ಅದರ ತದ್ವಿರುದ್ಧ, ಬರೀ ಕ್ರಿಯಾಪದ.

ಇನ್ನೊಂದು ಕತೆ ನಿನಗೆ ಜಾಸ್ತಿ ಉಪಯೋಗಕ್ಕೆ ಬರಬಹುದು. 1580ರ ದಶಕದಲ್ಲಿ ಇಂಗ್ಲೆಂಡಿನ ವಿದ್ವಾಂಸ ಜಾನ್ ಡೀ ಮತ್ತು ಅವನ ಜೊತೆಗಾರ ಎಡ್ವರ್ಡ್ ಕೆಲ್ಲಿ ದೇವದೂತರ ಭಾಷೆ ತಮಗೆ ಸಿಕ್ಕಿತು ಅಂದರು. ಕೆಲ್ಲಿ ಸ್ಫಟಿಕದಲ್ಲಿ ನೋಡಿ ಹೇಳುವುದು, ಡೀ ಬರೆದುಕೊಳ್ಳುವುದು. ಅದಕ್ಕೆ 21 ಅಕ್ಷರಗಳ ಬೇರೆ ಲಿಪಿಯೇ ಇತ್ತು. ಮುಂದೆ ಭಾಷಾವಿಜ್ಞಾನಿ ಡೊನಾಲ್ಡ್ ಲೇಕಾಕ್ ಅದನ್ನು ಬಿಡಿಸಿ ನೋಡಿದರೆ, ವಾಕ್ಯ ಕಟ್ಟುವ ರೀತಿ ಇಂಗ್ಲಿಷಿಗೆ ತೀರಾ ಹತ್ತಿರ! ದೇವದೂತರು ಇಂಗ್ಲೆಂಡಿನವರೇ ಇರಬೇಕು, ಪಾಪ. ಕಟ್ಟಿದವನ ತಾಯ್ನುಡಿ ಹೇಗೂ ಒಳಗೆ ನುಸುಳುತ್ತದೆ. ಹಾಗಾದರೆ ನಿನ್ನ ಲಿಪಿಯೊಳಗೆ ಕನ್ನಡ ಧೈರ್ಯವಾಗಿ ನುಸುಳಲಿ ಬಿಡು.

ಯಾಕೆ ಅಂದರೆ ಕಾಲದ ಜೊತೆ ಆಟ ಆಡುವುದರಲ್ಲಿ ನಮ್ಮ ವ್ಯಾಕರಣ ಏನೂ ಕಡಿಮೆ ಇಲ್ಲ. ಹಳೆಯ ನಿಷೇಧ ರೂಪ ನೋಡು: 'ಅವನು ಬಾರನು.' ಬರಲಿಲ್ಲವಾ, ಬರುತ್ತಿಲ್ಲವಾ, ಮುಂದೆ ಬರುವುದಿಲ್ಲವಾ? ಆ ರೂಪದಲ್ಲಿ ಕಾಲದ ಗುರುತೇ ಇಲ್ಲ, ಮೂರಕ್ಕೂ ಅದೇ ಸಾಕು. ನಿನ್ನ ಲಿಪಿಯಲ್ಲಿ ಹೀಗೊಂದು ಗುರುತು ಇದ್ದು, ಯಾರೋ ಅದನ್ನು ಒಬ್ಬನ ಹೆಸರಿನ ಕೆಳಗೆ ಬರೆದರು ಅಂದುಕೋ. ಆ ಮನುಷ್ಯ ಹುಟ್ಟಿಯೂ ಇಲ್ಲ, ಈಗಲೂ ಇಲ್ಲ, ಇನ್ನು ಬರುವುದೂ ಇಲ್ಲ. ಕೊಲ್ಲುವ ಮಂತ್ರಕ್ಕಿಂತ ಭಯಂಕರ, ಅಲ್ವಾ?

ಇನ್ನು ಸಂಭಾವನೆಯ ರೂಪ, ಅಂದರೆ 'ಹೀಗಾಗಬಹುದು' ಅನ್ನುವ ಕ್ರಿಯಾರೂಪ. ಓಡುವ ಮಗುವಿಗೆ ಅಮ್ಮ "ನಿಧಾನ, ಬಿದ್ದೀಯಾ!" ಅನ್ನುತ್ತಾಳೆ. ಮಗು ಇನ್ನೂ ಬಿದ್ದಿಲ್ಲ. ಆದರೆ ಒಳಗಿರುವುದು 'ಬಿದ್ದ' ಅನ್ನುವ ಭೂತಕಾಲದ ಧಾತುರೂಪ. 'ಬಂದಾನು', 'ಕೊಟ್ಟಾಳು' ಎಲ್ಲವೂ ಹಾಗೇ. ಆಗಿಹೋದದ್ದರ ವೇಷ ಹಾಕಿಕೊಂಡು, ಆಗಬಹುದಾದ್ದು ಮಾತಾಡುತ್ತದೆ. ನಿನ್ನ ಆ ಮುದುಕಿ ಮಂತ್ರವಾದಿ ಇದೊಂದೇ ಗುರುತು ಬಳಸಿದರೂ ಸಾಕು ಅನಿಸುತ್ತದೆ. ಅವಳು ಕಾಲವನ್ನು ತಿರುಗಿಸಬೇಕಾಗಿಲ್ಲ. ನಡೆದ ಘಟನೆಯನ್ನು 'ನಡೆದೀತು' ಅಂತ ಸಡಿಲಿಸಿಟ್ಟರಾಯಿತು, ಅದು ಮತ್ತೆ ಅನುಮಾನಕ್ಕೆ ಬೀಳುತ್ತದೆ.

ಗುರುತುಗಳ ಸಂಖ್ಯೆಯನ್ನಂತೂ ಇಳಿಸು. ಕರ್ನಾಟಕ ಸಂಗೀತದ ಸೂಳಾದಿ ಸಪ್ತತಾಳಗಳನ್ನು ನೋಡು, ಮೂರೇ ಗುರುತು. ನೆಟ್ಟಗಿನ ಗೆರೆ ಲಘು, ಸೊನ್ನೆ ದ್ರುತ, ಅರೆವೃತ್ತ ಅನುದ್ರುತ. ದ್ರುತಕ್ಕೆ ಎರಡೆಣಿಕೆ, ಅನುದ್ರುತಕ್ಕೆ ಒಂದು. ಲಘು ಮಾತ್ರ ಜಾತಿಗೆ ತಕ್ಕಂತೆ 3, 4, 5, 7 ಇಲ್ಲವೇ 9 ಆಗುತ್ತದೆ. ಗೆರೆ ಅದೇ, ಅದರೊಳಗಿನ ಹೊತ್ತು ಬೇರೆ. ಚತುರಶ್ರ ಲಘು, ಅಂದರೆ ನಾಲ್ಕೆಣಿಕೆಯದು, ಅದರ ಮುಂದೆ ಎರಡು ಸೊನ್ನೆ: ಆದಿತಾಳದ ಎಂಟೆಣಿಕೆ ಮುಗಿಯಿತು. ಏಳು ತಾಳಕ್ಕೆ ಐದು ಜಾತಿ ಸೇರಿ 35, ಒಂದೊಂದು ಎಣಿಕೆಯನ್ನು ಒಡೆಯುವ ಐದು ಗತಿ ಸೇರಿದರೆ 175. ಅರೆವೃತ್ತ ಬರುವುದು ಏಳರಲ್ಲಿ ಒಂದೇ ಕಡೆ, ಝಂಪೆಯಲ್ಲಿ. ನೀನೂ ಹಾಗೆ ಒಂದು ಗುರುತನ್ನು ಅಪರೂಪಕ್ಕೆ ಇಟ್ಟುಕೋ. ಓದುಗ ಅದಕ್ಕಾಗಿ ಕಾಯುವಂತಾಗಲಿ.

ಬೆಲೆಯ ವಿಷಯ. ಮಂತ್ರ ಬರೆದಷ್ಟೂ ಆಯಸ್ಸು ಕಡಿಮೆಯಾಗುತ್ತದೆ ಅಂತ ಇಟ್ಟಿದ್ದೀಯಲ್ಲ, ಅದು ನನಗೆ ಸಪ್ಪೆ ಅನಿಸಿತು. ಬೆಲೆ ಬರವಣಿಗೆಯಲ್ಲೇ ಇದೆ. ಒಂದು ಕ್ಷಣ ಹಿಡಿಯುವ ವಾಕ್ಯ ಬರೆಯಲು ಹತ್ತು ಕ್ಷಣ ಬೇಕು. ಅಷ್ಟರಲ್ಲಿ ಹಿಡಿಯಬೇಕಾದ ಕ್ಷಣವೇ ದಾಟಿರುತ್ತದೆ! ಹಾಗಾಗಿ ಜಾಣರು ಮೊದಲೇ ಬರೆದಿಟ್ಟು, ಕೊನೆಯ ಒಂದು ಗೆರೆ ಮಾತ್ರ ಬಾಕಿ ಇಡುತ್ತಾರೆ. ಜೇಬು ತುಂಬಾ ಅರ್ಧ ಬರೆದ ಚೀಟಿಗಳು. ಕಳ್ಳ ಒಂದನ್ನು ಕದ್ದು, ತನಗೆ ತೋಚಿದ ಗೆರೆ ಎಳೆದರೆ? ಆ ಅಧ್ಯಾಯ ನೀನು ಬರೆಯದಿದ್ದರೆ ನಾನೇ ಬರೆದುಬಿಡುತ್ತೇನೆ, ನೋಡು.

ಒಂದು ಗುರುತಿಗೆ ಇನ್ನೊಂದನ್ನು ಕಟ್ಟಬೇಕಾದಾಗ ಒತ್ತಕ್ಷರದ ಹಾಗೆ ಕೆಳಗೆ ಬರಲಿ. ಬಾಣಗಳನ್ನೆಲ್ಲ ತೆಗೆದುಹಾಕು, ರಸ್ತೆ ಬದಿಯ ಫಲಕದ ನೆನಪಾಗುತ್ತದೆ. ಮುಂದಿನ ಸಲ ಬರೀ ಪಟ್ಟಿ ಕಳಿಸಬೇಡ, ಈ ಲಿಪಿಯಲ್ಲಿ ಒಂದು ಪೂರ್ತಿ ವಾಕ್ಯ ಬರೆದು ಕಳಿಸು. ಅರ್ಥ ಹೇಳಬೇಡ. ನಾನೇ ಬಿಡಿಸುತ್ತೇನೆ.

ನಿನ್ನ ಗೆಳೆಯ