ಜಿಟಿಟಿಸಿಯ ನಮ್ಮವರಿಗೆಲ್ಲ ಒಂದು ಥ್ಯಾಂಕ್ಸ್

ಹೋದ ವಾರ ಕೆಲಸ ಖಾಯಂ ಆದ ಕಾಗದ ಕೈಗೆ ಬಂತು. ಬೆಂಗಳೂರಿನ ಪೀಣ್ಯದಲ್ಲಿ ಒಂದು ಟೂಲ್ ರೂಮ್, ಅಲ್ಲಿ ನಾನು ಟೂಲ್ ಮೇಕರ್. ಅವ್ವನಿಗೆ ಫೋನ್ ಮಾಡಿ ಹೇಳಿದೆ. "ಟೂಲ್ ಮೇಕರ್ ಅಂದ್ರೆ ಏನು ಅಂತ ನಂಗೆ ಇನ್ನೂ ಗೊತ್ತಾಗಿಲ್ಲ ಕಣವ್ವ. ಖಾಯಂ ಅಂದ್ರೆ ಗೊತ್ತು" ಅಂದಳು. ಹಿಂದೆಯೇ ಅಪ್ಪನ ದನಿ, "ಸಂಬಳ ಎಷ್ಟಂತೆ ಕೇಳು."

ಈ ಕಾಗದದ ಹಿಂದೆ ಜಾಸ್ತಿ ಜನ ಇದ್ದಾರೆ. ಎದುರಿಗೆ ಹೋಗಿ ಥ್ಯಾಂಕ್ಸ್ ಹೇಳಿದರೆ ನಮ್ಮ ಸರ್‌ಗಳು "ಆಯ್ತಮ್ಮ, ಹೋಗಿ ಕೆಲಸ ನೋಡು" ಅಂತ ಕಳಿಸಿಬಿಡುತ್ತಾರೆ. ಅದಕ್ಕೆ ಬರೆಯುತ್ತಿದ್ದೇನೆ. ಓದದೆ ಇರೋಕೆ ಆಗಲ್ಲ ಅಲ್ವಾ.

ನಾನು ಓದಿದ್ದು ಮೈಸೂರಿನ ಜಿಟಿಟಿಸಿಯಲ್ಲಿ. ಪೂರ್ತಿ ಹೆಸರು ಸರ್ಕಾರಿ ಉಪಕರಣಾಗಾರ ಮತ್ತು ತರಬೇತಿ ಕೇಂದ್ರ. ನಮ್ಮೂರು ನಂಜನಗೂಡು ತಾಲ್ಲೂಕಿನದು. ಅಲ್ಲಿ ಈಗಲೂ ಕೇಳುತ್ತಾರೆ, "ಅದು ಐಟಿಐನಾ, ಪಾಲಿಟೆಕ್ನಿಕ್ಕಾ?" ಅಂತ. ಎರಡೂ ಅಲ್ಲ. 1972ರಲ್ಲಿ ಡೆನ್ಮಾರ್ಕ್ ಸರ್ಕಾರದ ನೆರವಿನಿಂದ ಬೆಂಗಳೂರಿನಲ್ಲಿ ಶುರುವಾದ ಸಂಸ್ಥೆ ಇದು. ಆಮೇಲೆ ಮೈಸೂರು, ಹುಬ್ಬಳ್ಳಿ, ಬೆಳಗಾವಿ, ಮಂಗಳೂರು, ಹಾಸನ ಅಂತ ಬೆಳೆಯಿತು. ಎಸ್ಸೆಸ್ಸೆಲ್ಸಿ ಆದಮೇಲೆ ಸೇರಬಹುದು. ಟೂಲ್ ಅಂಡ್ ಡೈ ಮೇಕಿಂಗ್ ಡಿಪ್ಲೊಮಾ ನಾಲ್ಕು ವರ್ಷದ್ದು. ಮೂರು ವರ್ಷ ಅಲ್ಲೇ ಕಲಿಕೆ, ಕೊನೆಯ ವರ್ಷ ಕಾರ್ಖಾನೆಯಲ್ಲಿ ತರಬೇತಿ.

ಡೈ, ಮೋಲ್ಡ್ ಅಂದರೆ ಏನು ಅಂತ ಅವ್ವನಿಗೆ ಹೇಳಿದ ಹಾಗೆಯೇ ಹೇಳುತ್ತೇನೆ. ನೀರಿನ ಬಾಟಲಿಯ ಮುಚ್ಚಳ ನೋಡಿ. ಒಂದೊಂದನ್ನೂ ಯಾರೂ ಕೂತು ಕೆತ್ತುವುದಿಲ್ಲ. ಉಕ್ಕಿನಲ್ಲಿ ಅದರ ಅಚ್ಚು ಮಾಡಿರುತ್ತಾರೆ. ಕರಗಿದ ಪ್ಲಾಸ್ಟಿಕ್ ಅದರೊಳಗೆ ಹೋಗಿ ತಣ್ಣಗಾಗಿ ಮುಚ್ಚಳವಾಗಿ ಉದುರುತ್ತದೆ. ಅಚ್ಚು ಸರಿ ಇದ್ದರೆ ಲಕ್ಷ ಮುಚ್ಚಳ ಸರಿ. ಅಚ್ಚು ಕೆಟ್ಟಿದ್ದರೆ ಲಕ್ಷವೂ ಸೋರುತ್ತವೆ. ಆ ಅಚ್ಚು ಮಾಡುವವರು ನಾವು. ಇಷ್ಟು ಹೇಳಿದ ಮೇಲೂ ಅವ್ವ ಪಕ್ಕದ ಮನೆಯವರಿಗೆ "ಮಗಳು ಬಾಟಲಿ ಫ್ಯಾಕ್ಟ್ರೀಲಿ ಇದಾಳೆ" ಅಂದಳು. ಇರಲಿ.

ಮೊದಲ ಥ್ಯಾಂಕ್ಸ್ ಫಿಟ್ಟಿಂಗ್ ಸೆಕ್ಷನ್ ಸರ್‌ಗೆ. ಕಂಪ್ಯೂಟರ್‌ನಲ್ಲಿ ನಡೆಯುವ ಸಿಎನ್‌ಸಿ ಮೆಷಿನ್ ಮೇಲೆ ಕೆಲಸ ಕಲಿಯುವ ಆಸೆಯಿಂದ ಬಂದವರು ನಾವು. ನಮ್ಮ ಕೈಗೆ ಅವರು ಕೊಟ್ಟದ್ದು ಒಂದು ಮೈಲ್ಡ್ ಸ್ಟೀಲ್ ತುಂಡು, ಒಂದು ಅರ. ಉಜ್ಜಿ ಸಮ ಮಾಡಿ, ಅಷ್ಟೇ. ಕೇಳೋಕೆ ಸುಲಭ. ಅರ ಮುಂದಕ್ಕೆ ತಳ್ಳುವಾಗ ಮಾತ್ರ ಕೊಯ್ಯುತ್ತದೆ, ಹಿಂದಕ್ಕೆ ಎಳೆಯುವಾಗ ಭಾರ ಬಿಡಬೇಕು. ಹೊಸಬರ ಕೈ ಮೇಲೆ ಕೆಳಗೆ ತೂಗುತ್ತದೆ. ಅಂಚುಗಳು ಸವೆದು ನಡು ಉಬ್ಬಿ ನಿಲ್ಲುತ್ತದೆ. ಕಣ್ಣಿಗೆ ಮಾತ್ರ ಚಪ್ಪಟೆಯಾಗಿ, ಥಳಥಳ ಅಂತ ಕಾಣುತ್ತದೆ. ನಾವು ಖುಷಿಯಾಗಿ ತಗೊಂಡು ಹೋಗುತ್ತಿದ್ದೆವು. ಸರ್ ಅದರ ಮೇಲೆ ಟ್ರೈ ಸ್ಕ್ವೇರ್, ಅಂದರೆ ಮೂಲೆಮಟ್ಟ, ಇಟ್ಟು ಕಿಟಕಿಯ ಕಡೆ ಹಿಡಿಯುತ್ತಿದ್ದರು. ಅಂಚಿನ ಹತ್ತಿರ ಸಣ್ಣಗೆ ಬೆಳಕು ತೂರುತ್ತಿತ್ತು. "ಬೆಳಕು ಕಾಣ್ತಿದೆ" ಅಂತ ಹೇಳಿ ವಾಪಸ್ ಕೊಡುತ್ತಿದ್ದರು. ಬೈಗುಳ ಇಲ್ಲ, ಭಾಷಣ ಇಲ್ಲ. ಮತ್ತೆ ವೈಸ್‌ಗೆ ಕಟ್ಟುವುದು, ಮತ್ತೆ ಉಜ್ಜುವುದು. ಸಾಯಂಕಾಲ ಹಾಸ್ಟೆಲ್‌ನಲ್ಲಿ ಮುದ್ದೆ ಮುರಿಯೋಕೆ ಬೆರಳು ಮಡಚುತ್ತಿರಲಿಲ್ಲ.

ಟ್ರೈ ಸ್ಕ್ವೇರ್ ದಾಟಿದ ಮೇಲೆ ಸರ್ಫೇಸ್ ಪ್ಲೇಟ್, ಪೂರ್ತಿ ಸಮ ಮಾಡಿದ ದಪ್ಪ ಹಲಗೆ. ಅದಕ್ಕೆ ತೆಳ್ಳಗೆ ನೀಲಿ ಬಣ್ಣ ಸವರಿ ಜಾಬನ್ನು, ಅಂದರೆ ನಾವು ಉಜ್ಜಿದ ತುಂಡನ್ನು, ಅದರ ಮೇಲೆ ಮೆಲ್ಲಗೆ ಆಡಿಸುತ್ತಾರೆ. ಎಲ್ಲಿ ಉಬ್ಬಿದೆಯೋ ಅಲ್ಲಿ ಮಾತ್ರ ನೀಲಿ ಹತ್ತುತ್ತದೆ. ಎಲ್ಲಾ ಕಡೆ ಸಮವಾಗಿ ಚುಕ್ಕೆ ಬಿದ್ದ ದಿನ ಇಡೀ ಬ್ಯಾಚಿಗೆ ತೋರಿಸಿಕೊಂಡು ಓಡಾಡಿದ್ದೆ. ಸರ್ ನೋಡಿ, "ಹ್ಞೂಂ, ಈಗ ಇನ್ನೊಂದು ಪಕ್ಕ" ಅಂದರು.

ಅವರದೊಂದು ಪದ್ಧತಿ ಇತ್ತು. ಪ್ರತಿ ಜಾಬಿನ ಜೊತೆ ಒಂದು ಹಾಳೆ. ಅದರಲ್ಲಿ ಮೊದಲು ನಮ್ಮ ಅಳತೆಯನ್ನು ನಾವೇ ಬರೆಯಬೇಕು, ಪಕ್ಕದಲ್ಲಿ ಸರ್ ತಮ್ಮ ಅಳತೆ ಬರೆಯುತ್ತಿದ್ದರು. ಒಮ್ಮೆ ಡ್ರಾಯಿಂಗ್‌ನಲ್ಲಿ 40 ಮಿಲಿಮೀಟರ್ ಅಂತ ಇತ್ತು, ಹೆಚ್ಚು ಕಮ್ಮಿ 0.02ರೊಳಗೆ ಇರಬೇಕು. ನಮ್ಮ ಬ್ಯಾಚಿನ ಒಬ್ಬ ಹುಡುಗನದು ಜಾಸ್ತಿ ಸವೆದು 39.94 ಆಗಿತ್ತು. ಅಕ್ಕಪಕ್ಕದವರು "39.98 ಅಂತ ಬರ್ದ್ಬಿಡೋ, ಯಾರು ನೋಡ್ತಾರೆ" ಅಂದರು. ಅವನು 39.94 ಅಂತಲೇ ಬರೆದ. ಸರ್ ತಮ್ಮ ಅಳತೆ ಉಪಕರಣ ಮೈಕ್ರೋಮೀಟರ್ ಹಿಡಿದರು, ಅಷ್ಟೇ ಬಂತು. ನಮ್ಮನ್ನೆಲ್ಲ ಕರೆದು, "ಈ ಜಾಬ್ ರಿಜೆಕ್ಟ್. ಆದ್ರೆ ಇವನ ಅಳತೆ, ನನ್ನ ಅಳತೆ ಒಂದೇ. ಇವನು ಬರ್ದಿದ್ದನ್ನ ನಾನು ಇನ್ನೊಂದ್ಸಲ ನೋಡಬೇಕಾಗಿಲ್ಲ" ಅಂದರು. ಜಾಬಿಗೆ ಸೊನ್ನೆ, ಹಾಳೆಗೆ ಪೂರ್ತಿ ಅಂಕ.

ನನಗನ್ನಿಸುವುದು ಇಷ್ಟು. ಹೈಸ್ಕೂಲಿನಲ್ಲಿ ನೀತಿಪಾಠ ಅಂತ ಒಂದು ಪೀರಿಯಡ್ ಇತ್ತು. ಬೋರ್ಡಿನ ಮೇಲೆ ಒಳ್ಳೆಯ ಮಾತು ಬರೆಸಿ ಕಾಪಿ ಮಾಡಿಸುತ್ತಿದ್ದರು. ಅವುಗಳಲ್ಲಿ ಒಂದೂ ನೆನಪಿಲ್ಲ. ಆ 39.94 ಮಾತ್ರ ನೆನಪಿದೆ.

ಅಳತೆ ಕೋಣೆಯ ಮೇಡಂಗೂ ಅಷ್ಟೇ ಋಣಿ. ಆ ಕೋಣೆ ಯಾವಾಗಲೂ 20 ಡಿಗ್ರಿ. ಲೋಕದಲ್ಲೆಲ್ಲ ಉದ್ದ ಅಳೆಯೋಕೆ ಇಟ್ಟುಕೊಂಡಿರುವ ಉಷ್ಣಾಂಶ ಅದೇ. ಉಕ್ಕು ಬಿಸಿಗೆ ಹಿಗ್ಗುತ್ತದೆ. 100 ಮಿಲಿಮೀಟರ್ ಉದ್ದದ ತುಂಡು ಒಂದು ಡಿಗ್ರಿಗೆ ಒಂದು ಮೈಕ್ರಾನ್‌ಗಿಂತ ತುಸು ಜಾಸ್ತಿ ಬೆಳೆಯುತ್ತದೆ. ಮೈಕ್ರಾನ್ ಅಂದರೆ ಮಿಲಿಮೀಟರಿನ ಸಾವಿರದಲ್ಲೊಂದು ಭಾಗ. ಮೆಷಿನ್‌ನಿಂದ ತೆಗೆದ ಬಿಸಿ ಜಾಬನ್ನು ಹಾಗೇ ತಂದರೆ ಮೇಡಂ ಬಾಗಿಲಲ್ಲೇ ತಡೆಯುತ್ತಿದ್ದರು. "ಅಲ್ಲಿಡಿ, ತಣ್ಣಗಾಗ್ಲಿ, ನೀವೂ ತಣ್ಣಗಾಗಿ." ಸ್ಲಿಪ್ ಗೇಜ್ ಅನ್ನುವ ಅಳತೆಯ ಬಿಲ್ಲೆ ಜೋಡಿಸೋಕೆ ಕಲಿಸಿದ್ದೂ ಅವರೇ. ಎರಡು ಉಕ್ಕಿನ ಬಿಲ್ಲೆಗಳನ್ನು ಚೆನ್ನಾಗಿ ಒರೆಸಿ, ಒತ್ತಿ ಜಾರಿಸಿದರೆ ಅಯಸ್ಕಾಂತ ಇಟ್ಟ ಹಾಗೆ ಅಂಟಿಕೊಳ್ಳುತ್ತವೆ. ಅಂಟೂ ಇಲ್ಲ, ಅಯಸ್ಕಾಂತವೂ ಇಲ್ಲ. ಮೇಲ್ಮೈ ಅಷ್ಟು ಸಮ ಇರುತ್ತದೆ. ಒಂದು ಧೂಳಿನ ಕಣ ಇದ್ದರೂ ಅಂಟುವುದಿಲ್ಲ. ಕೆಲಸ ಮುಗಿದ ಮೇಲೆ ವ್ಯಾಸಲಿನ್ ಸವರಿ ಡಬ್ಬಿಯಲ್ಲಿಡದೆ ಮನೆಗೆ ಹೋಗುವ ಹಾಗೇ ಇಲ್ಲ.

ಸ್ಟೋರಿನ ಅಣ್ಣನ ಬಗ್ಗೆ ಬರೆಯದಿದ್ದರೆ ಪಾಪ ಬರುತ್ತದೆ. ನಮಗೆಲ್ಲ ನಂಬರ್ ಹೊಡೆದ ಹಿತ್ತಾಳೆ ಟೋಕನ್ ಇದ್ದವು. ಟೋಕನ್ ಕೊಟ್ಟರೆ ಟೂಲ್, ಟೂಲ್ ಕೊಟ್ಟರೆ ಟೋಕನ್. ಮೈಕ್ರೋಮೀಟರ್ ವಾಪಸ್ ಕೊಡುವಾಗ ಅಣ್ಣ ಮೊದಲು ಅದರ ಬಾಯಿ ಒರೆಸಿ, ಸೊನ್ನೆಗೆ ತಿರುಗಿಸಿ ನೋಡುತ್ತಿದ್ದರು. ಕೊರೆಯುವಾಗ ತಂಪಿಗೆ ಹಾಕುವ ಕೂಲಂಟ್ ಅಂಟಿದ್ದರೆ ತಗೊಳ್ಳುತ್ತಲೇ ಇರಲಿಲ್ಲ. ಪ್ರಿನ್ಸಿಪಾಲರೇ ಬಂದು ನಿಂತರೂ ಅದೇ ನಿಯಮ ಅಂತ ಹುಡುಗರು ಹೇಳುತ್ತಿದ್ದರು. ನಾನು ಕಣ್ಣಾರೆ ನೋಡಿಲ್ಲ, ಆದರೆ ನಂಬುತ್ತೇನೆ.

ಎರಡನೇ ವರ್ಷ ಅಪ್ಪ ತೆಂಗಿನ ಮರದಿಂದ ಬಿದ್ದರು. ಸೊಂಟದ ಮೂಳೆ ಮುರಿಯಿತು. ಅವ್ವ ಆಸ್ಪತ್ರೆಯಲ್ಲಿ, ನಾನು ಊರಲ್ಲಿ. ಹಸು ಕರೆಯಬೇಕು, ಡೈರಿಗೆ ಹಾಲು ಹಾಕಬೇಕು, ತಮ್ಮನಿಗೆ ಬುತ್ತಿ ಕಟ್ಟಬೇಕು. ಕಾಲೇಜು ಬಿಡುವುದು ಅಂತ ಯಾರೂ ಬಾಯಿಬಿಟ್ಟು ಹೇಳಲಿಲ್ಲ, ಎಲ್ಲರ ಮನಸ್ಸಲ್ಲೂ ಅದೇ ಇತ್ತು. ಅಪ್ಪ ಮನೆಗೆ ಬಂದ ಮೇಲೆ ಫಿಟ್ಟಿಂಗ್ ಸರ್ ಫೋನ್ ಮಾಡಿದರು. ನನಗಲ್ಲ, ಅವ್ವನಿಗೆ.

"ಅಮ್ಮಾ, ಮಗಳನ್ನ ಯಾವಾಗ ಕಳಿಸ್ತೀರಿ?"

"ಮನೇಲಿ ಹಿಂಗಾಗದೆ ಸ್ವಾಮಿ, ಫೀಸಿಗೂ..."

"ಫೀಸಿನ ವಿಷ್ಯ ನಾವು ಮಾತಾಡ್ತೀವಿ. ನೀವು ಬಸ್ ಹತ್ಸಿ ಸಾಕು."

ಅವ್ವ ಫೋನ್ ಇಟ್ಟು ಸುಮ್ನೆ ಕೂತಳು. ಆಮೇಲೆ ಚಿಕ್ಕಮ್ಮನಿಗೆ ಹೇಳಿ ಕಳಿಸಿದಳು. ಚಿಕ್ಕಮ್ಮ ತಮ್ಮ ಮನೆ ಬಿಟ್ಟು ಬಂದು ನಮ್ಮ ಹಸುಗಳನ್ನು ನೋಡಿಕೊಂಡರು. ಚಿಕ್ಕಮ್ಮಾ, ನೀನು ಇದನ್ನ ಓದಲ್ಲ ಅಂತ ಗೊತ್ತು, ತಮ್ಮ ಓದಿ ಹೇಳುತ್ತಾನೆ. ನಿನ್ನ ಹೆಸರು ಆ ಸರ್ಟಿಫಿಕೇಟಿನಲ್ಲಿ ಇಲ್ಲ, ಇರಬೇಕಿತ್ತು.

ಫೀಸಿನ ವಿಷಯ ಅವರು ನಿಜವಾಗಿಯೂ ಮಾತಾಡಿದರು. ಆಫೀಸಿನ ಮೇಡಂ ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡು ಎಸ್‌ಎಸ್‌ಪಿ ಪೋರ್ಟಲ್‌ನಲ್ಲಿ ವಿದ್ಯಾರ್ಥಿವೇತನದ ಅರ್ಜಿ ತುಂಬಿದರು. ಆದಾಯ ಪ್ರಮಾಣಪತ್ರದ ಆರ್‌ಡಿ ನಂಬರ್, ಆಧಾರ್ ಜೋಡಿಸಿದ ಬ್ಯಾಂಕ್ ಖಾತೆ, ಇವೆಲ್ಲ ಗೊತ್ತಿದ್ದವರಿಗೆ ಗೊತ್ತು ಅದೆಂಥ ತಲೆನೋವು ಅಂತ. ತಪ್ಪಿಹೋದ ಲೇತ್ ಮೆಷಿನ್ ಪ್ರಾಕ್ಟಿಕಲ್‌ಗಳನ್ನು ಸರ್‌ಗಳು ಸಾಯಂಕಾಲ ಮಾಡಿಸಿದರು. ಅದಕ್ಕಾಗಿ ಸ್ಟೋರಿನ ಅಣ್ಣ ಬಾಗಿಲು ತೆಗೆದಿಟ್ಟುಕೊಂಡು ಕೂರುತ್ತಿದ್ದರು. ನೋಟ್ಸ್ ಬರೆದುಕೊಟ್ಟದ್ದು ಆ 39.94ರ ಹುಡುಗ. ಅಕ್ಷರ ಮಾತ್ರ ದೇವರಿಗೇ ಪ್ರೀತಿ.

ಶಾಪ್ ಫ್ಲೋರ್‌ನಲ್ಲಿ, ಅಂದರೆ ಮೆಷಿನ್‌ಗಳಿರೋ ಜಾಗದಲ್ಲಿ, ಹುಡುಗಿಯರು ಕಮ್ಮಿ. ಸೀನಿಯರ್ ಅಕ್ಕ ಒಬ್ಬರು ಮೊದಲ ದಿನವೇ ನನ್ನ ಜಡೆ ಎತ್ತಿ ಟೋಪಿಯೊಳಗೆ ಸೇರಿಸಿ, ಬಳೆ ಬಿಚ್ಚಿಸಿದರು. ತಿರುಗುವ ಮೆಷಿನ್ ಮುಂದೆ ದುಪ್ಪಟ್ಟಾ ಬೇಡ, ಗ್ಲೌಸ್ ಕೂಡ ಬೇಡ, ಚಿಪ್ಸ್, ಅಂದರೆ ಕೊರೆದಾಗ ಬೀಳುವ ಲೋಹದ ಚೂರು, ಕೈಯಲ್ಲಿ ಮುಟ್ಟಬೇಡ, ಜಾಬ್ ಹಿಡಿಯುವ ಚಕ್‌ನ ಕೀ ಅದರಲ್ಲೇ ಬಿಟ್ಟು ಬರಬೇಡ. ಇಷ್ಟನ್ನೂ ಒಂದೇ ಉಸಿರಿನಲ್ಲಿ ಹೇಳಿದ್ದರು. ಈಗ ನಮ್ಮ ಶಾಪ್‌ಗೆ ಹೊಸದಾಗಿ ಬರುವವರಿಗೆ ನಾನೂ ಹಾಗೇ ಹೇಳುತ್ತೇನೆ, ಅದೇ ಧಾಟಿಯಲ್ಲಿ. ಆಯುಧಪೂಜೆ ದಿನ ಮಾತ್ರ ಬಳೆಗೆ ವಿನಾಯಿತಿ. ಮೆಷಿನ್‌ಗಳೆಲ್ಲ ತೊಳೆದು, ಚೆಂಡುಹೂ ಕಟ್ಟಿ, ನಮ್ಮ ನಮ್ಮ ಅರ, ಸುತ್ತಿಗೆ ಸಾಲಾಗಿ ಇಟ್ಟು ಕುಂಕುಮ ಹಚ್ಚುತ್ತಿದ್ದೆವು. ಮೈಕ್ರೋಮೀಟರಿಗೆ ಕುಂಕುಮ ಹಚ್ಚೋಕೆ ಸ್ಟೋರಿನ ಅಣ್ಣ ಬಿಡುತ್ತಿರಲಿಲ್ಲ. ಡಬ್ಬಿಗೆ ಹಚ್ಚಿ ಅನ್ನುತ್ತಿದ್ದರು.

ಕೊನೆಯ ವರ್ಷದ ತರಬೇತಿಯಲ್ಲಿ ಒಂದು ಸಲ ಡೈ ಇನ್ಸರ್ಟ್, ಅಂದರೆ ಅಚ್ಚಿನೊಳಗೆ ಕೂರಿಸುವ ತುಂಡು, ಅಳೆದೆ, 0.03 ಮಿಲಿಮೀಟರ್ ಜಾಸ್ತಿ ಇತ್ತು. ಡೆಲಿವರಿ ಅವತ್ತೇ ಹೋಗಬೇಕಿತ್ತು. ಅಲ್ಲಿನ ಸೂಪರ್‌ವೈಸರ್ "ಲಿಮಿಟ್ ಒಳಗಡೆ ಬರೋ ಹಾಗೆ ಬರ್ದು ಕಳ್ಸಮ್ಮ" ಅಂದರು. ನಾನು ಬಂದ ಅಳತೆಯನ್ನೇ ಬರೆದೆ. ಗೊಣಗಿದರು, ಮತ್ತೆ ಗ್ರೈಂಡಿಂಗ್‌ಗೆ ಹೋಯಿತು, ಡೆಲಿವರಿ ತಡವಾಯಿತು. ಯಾರೂ ಶಹಬ್ಬಾಸ್ ಅನ್ನಲಿಲ್ಲ. ಒಂದು ವಾರ ನನ್ನ ಜೊತೆ ಸರಿಯಾಗಿ ಮಾತೂ ಆಡಲಿಲ್ಲ. ಸರ್, ಇದನ್ನ ನಿಮಗೆ ಹೇಳಿರಲಿಲ್ಲ, ಈಗ ಹೇಳುತ್ತಿದ್ದೇನೆ.

ಇನ್ನುಳಿದವರು ಬೇಜಾರು ಮಾಡಿಕೊಳ್ಳಬೇಡಿ. ಡ್ರಾಯಿಂಗ್ ಕಲಿಸಿದ ಸರ್, ಇಂಗ್ಲಿಷಿನಲ್ಲಿ ಮಾತಾಡಿಸಿ ಮಾತಾಡಿಸಿ ನನ್ನ ಇಂಟರ್‌ವ್ಯೂ ಭಯ ಬಿಡಿಸಿದ ಮೇಡಂ, ಸಂಜೆ ಥ್ರೋಬಾಲ್ ಆಡಿಸಿದ ಸೀನಿಯರ್‌ಗಳು, ತಿಂಡಿ ಖಾಲಿಯಾಗಿದ್ದರೂ ಅವಲಕ್ಕಿ ಕಲಸಿ ಕೊಡುತ್ತಿದ್ದ ಕ್ಯಾಂಟೀನಿನ ಅಕ್ಕ, ಎಲ್ಲರಿಗೂ.

ಅಪ್ಪ ಈಗ ಕೋಲು ಹಿಡಿದು ಡೈರಿ ತನಕ ನಡೆಯುತ್ತಾರೆ. ಮರ ಹತ್ತುವುದು ಬಿಟ್ಟಿದ್ದಾರೆ, ಹತ್ತುವವರಿಗೆ ಕೆಳಗೆ ನಿಂತು ಸಲಹೆ ಕೊಡುವುದು ಬಿಟ್ಟಿಲ್ಲ.

ಸರ್, ಇನ್ನೊಂದು ವಿಷಯ. ನಮ್ಮೂರಿನ ಇಬ್ಬರು ಹುಡುಗಿಯರು, ಒಬ್ಬ ಹುಡುಗ ಈ ಸಲ ಎಸ್ಸೆಸ್ಸೆಲ್ಸಿ ಪಾಸಾಗಿದ್ದಾರೆ. ಅರ್ಜಿ ಕೊಡೋಕೆ ನಾನೇ ಕರೆದುಕೊಂಡು ಬರುತ್ತೇನೆ. ಶನಿವಾರ ರಜೆ ಸಿಗಬಹುದು. ಆ ಹುಡುಗ ಸಿಎನ್‌ಸಿ, ಸಿಎನ್‌ಸಿ ಅಂತ ಕುಣಿಯುತ್ತಿದ್ದಾನೆ. ಅರದ ವಿಷಯ ನಾನು ಇನ್ನೂ ಬಾಯಿಬಿಟ್ಟಿಲ್ಲ.